ಮಧ್ಯಾಹ್ನ ಮೂರಕ್ಕೆ ಮನೆ ಸೇರಬೇಕು: ಬೆಟ್ಟದ ಹಳ್ಳಿಗಳಲ್ಲಿ ಗೈಡ್ ಜೊತೆ ನಡೆದು ಹೋಂಸ್ಟೇಗಳಲ್ಲಿ ಉಳಿಯುವವರಿಗೆ ಸಮಗ್ರ ಮಾರ್ಗದರ್ಶಿ

ಮೂರು ನಾಲ್ಕು ದಿನದ ಹಳ್ಳಿ ಚಾರಣಕ್ಕೆ ಹೋಗಿ ಸೋತು ಬಂದವರ ಕಥೆ ಹೆಚ್ಚು ಕಡಿಮೆ ಒಂದೇ. ಮೊದಲ ದಿನ ಕತ್ತಲಾದ ಮೇಲೆ ಮನೆ ಸೇರಿದೆವು. ಎರಡನೇ ದಿನ ಮಂಡಿ ಹಿಡಿದುಕೊಂಡಿತು. ಮೂರನೇ ದಿನ ಯಾವುದೋ ಗಾಡಿ ಹತ್ತಿ ವಾಪಸ್ ಬಂದೆವು. ಇವರು ಯಾರೂ ಕೈಲಾಗದವರಲ್ಲ, ದಾರಿಯೂ ಅಂಥ ಕಷ್ಟದ್ದಲ್ಲ. ಲೆಕ್ಕ ತಪ್ಪಿತ್ತು, ಅಷ್ಟೇ. ಬೆಟ್ಟದ ದಾರಿಯನ್ನು ಕಿಲೋಮೀಟರಿನಲ್ಲಿ ಅಳೆದುಕೊಂಡು ಹೊರಟಿದ್ದರು.

ನಾವೂ ಹಾಗೇ ಮಾಡಿದ್ದೆವು. ಏಳು ಜನ, 14 ಕಿಲೋಮೀಟರ್, ‘ನಾಲ್ಕು ಗಂಟೆ ಸಾಕು’ ಅಂದುಕೊಂಡು ಹತ್ತೂವರೆಗೆ ಹೊರಟೆವು. ನಡುವೆ ಎರಡು ಕಣಿವೆ ಇಳಿದು ಹತ್ತುವುದಿದೆ ಅನ್ನುವುದನ್ನು ಯಾರೂ ಗಮನಿಸಿರಲಿಲ್ಲ. ಮನೆ ಮುಟ್ಟಿದಾಗ ರಾತ್ರಿ ಏಳೂವರೆ. ಮನೆಯ ಅಮ್ಮ ಅಂಗಳದ ತುದಿಯಲ್ಲಿ ಟಾರ್ಚ್ ಹಿಡಿದು ನಿಂತಿದ್ದರು. ಸ್ನಾನದ ನೀರನ್ನು ಮೂರು ಸಲ ಕಾಯಿಸಿದ್ದರಂತೆ. ನಮಗೆ ಮಾತಾಡುವ ಶಕ್ತಿಯೂ ಇರಲಿಲ್ಲ, ಉಂಡು ಮಲಗಿದೆವು, ಬೆಳಗಾಗುತ್ತಲೇ ಹೊರಟೆವು. ಹಳ್ಳಿ ನೋಡೋಕೆ ಹೋಗಿ ಹಳ್ಳಿಯನ್ನೇ ನೋಡದೆ ಬಂದೆವು.

ಅವತ್ತಿನಿಂದ ನನ್ನ ಲೆಕ್ಕ ಶುರುವಾಗುವುದು ಕೊನೆಯಿಂದ. ಮಧ್ಯಾಹ್ನ ಮೂರಕ್ಕೆ ಮನೆ ಸೇರಬೇಕು. ಎಷ್ಟು ದೂರ ನಡೆಯಬೇಕು, ಎಷ್ಟಕ್ಕೆ ಹೊರಡಬೇಕು, ಎಷ್ಟು ಹೊರಬೇಕು, ಎಲ್ಲವನ್ನೂ ಈ ಒಂದು ಮಾತಿಗೆ ಹೊಂದಿಸಿ. ಕೆಳಗಿನ ಹಂತಗಳ ಕ್ರಮವೂ ಅದೇ. ದಯವಿಟ್ಟು ಕ್ರಮ ತಪ್ಪಿಸಬೇಡಿ, ಜಾಸ್ತಿ ಜನ ಸೋಲುವುದು ಐದನೇ ಹಂತದಿಂದ, ಅಂದರೆ ಬೂಟು ಕೊಳ್ಳುವುದರಿಂದ ಶುರು ಮಾಡಿದಾಗ.

ಹಂತ 1: ಮೊದಲು ಮನೆ, ಆಮೇಲೆ ದಾರಿ

ಸಾಮಾನ್ಯವಾಗಿ ಎಲ್ಲರೂ ನಕ್ಷೆಯಲ್ಲಿ ಚೆಂದದ ದಾರಿ ಆರಿಸಿ, ಅದು ಮುಗಿಯುವ ಕಡೆ ಮನೆ ಹುಡುಕುತ್ತಾರೆ. ಇದನ್ನು ತಿರುಗಿಸಿ. ಮೊದಲು ಉಳಿಯಬಹುದಾದ ಮನೆಗಳನ್ನು ಪಟ್ಟಿ ಮಾಡಿ, ಆಮೇಲೆ ಒಂದರಿಂದ ಇನ್ನೊಂದಕ್ಕೆ ಎಷ್ಟು ನಡಿಗೆ ಅಂತ ನೋಡಿ. ನಡುವೆ ಆರು ಗಂಟೆಗಿಂತ ಜಾಸ್ತಿ ಆಗುತ್ತಿದ್ದರೆ ಆ ಜೋಡಿಯನ್ನೇ ಬಿಟ್ಟುಬಿಡಿ.

ಮೊದಲ ರಾತ್ರಿಯ ಮನೆ ತೀರಾ ಹತ್ತಿರ ಇರಲಿ, ಎರಡು ಮೂರು ಗಂಟೆಯ ನಡಿಗೆ ಸಾಕು. ರಾತ್ರಿಯೆಲ್ಲ ಪ್ರಯಾಣ ಮಾಡಿ ನಿದ್ದೆಗೆಟ್ಟು ಬಂದಿರುತ್ತೀರಿ, ಬೂಟು ಇನ್ನೂ ಕಾಲಿಗೆ ಒಗ್ಗಿರುವುದಿಲ್ಲ, ಗೈಡಿಗೂ ನಿಮ್ಮ ನಡಿಗೆ ಗೊತ್ತಿರುವುದಿಲ್ಲ. ನಾಲ್ಕು ದಿನದ ಚಾರಣವಾದರೆ ಎರಡು ರಾತ್ರಿ ಒಂದೇ ಮನೆಯಲ್ಲಿ ಕಳೆಯಿರಿ ಅನ್ನುವುದು ನನ್ನ ಸಲಹೆ. ಆ ಒಂದು ದಿನ ಬ್ಯಾಗಿನ ಭಾರ ಇಲ್ಲದೆ ಊರು ಸುತ್ತಬಹುದು, ಮನೆಯವರೂ ಎರಡನೇ ದಿನ ನಿಮ್ಮನ್ನು ಅತಿಥಿ ಅಂತ ನೋಡುವುದನ್ನು ಬಿಟ್ಟು ಮಾತಿಗೆ ಕೂರುತ್ತಾರೆ.

ಬುಕ್ ಮಾಡುವಾಗ ಫೋನಿನಲ್ಲೇ ಇಷ್ಟು ಕೇಳಿ. ಒಂದು ಕೋಣೆಯಲ್ಲಿ ಎಷ್ಟು ಹಾಸಿಗೆ? ಶೌಚಾಲಯ ಮನೆಯ ಒಳಗಿದೆಯೋ ಹೊರಗೋ, ಹೊರಗಾದರೆ ರಾತ್ರಿ ಮೆಟ್ಟಿಲು ಇಳಿಯಬೇಕಾ? ನೀರು ಎಲ್ಲಿಂದ ಬರುತ್ತದೆ? ಹೊದಿಕೆ ಕೊಡುತ್ತಾರಾ? ಗಾಡಿ ಬರುವ ರಸ್ತೆ ಎಷ್ಟು ದೂರ? ಕೊನೆಯ ಪ್ರಶ್ನೆ ಬಹಳ ಮುಖ್ಯ. ಯಾರಿಗಾದರೂ ಕಾಲು ಉಳುಕಿದರೆ ನೀವು ಹೊರಬರುವ ದಾರಿ ಅದೇ. ಪ್ರತಿ ಮನೆಯ ಹೆಸರಿನ ಪಕ್ಕ ‘ರಸ್ತೆಗೆ ಇಷ್ಟು ನಿಮಿಷ’ ಅಂತ ಬರೆದಿಟ್ಟುಕೊಳ್ಳಿ.

ತಿನ್ನಬಾರದ್ದು ಏನಾದರೂ ಇದ್ದರೆ, ಯಾವುದಾದರೂ ಪದಾರ್ಥ ಒಗ್ಗದಿದ್ದರೆ, ಅದನ್ನೂ ಈಗಲೇ ಹೇಳಬೇಕು. ತಟ್ಟೆ ಮುಂದೆ ಕೂತಾಗ ಹೇಳಿದರೆ ಆ ಮನೆಯವರು ಆ ಹೊತ್ತಲ್ಲಿ ಏನು ಮಾಡೋಕೆ ಆಗುತ್ತದೆ, ಅಲ್ವಾ? ಹಳ್ಳಿಯಲ್ಲಿ ಅಂಗಡಿ ಕೆಳಗಿನ ಊರಿನಲ್ಲಿರಬಹುದು.

ಹಂತ 2: ಗಂಟೆಯ ಲೆಕ್ಕ ಹಾಕಿ

1892ರಲ್ಲಿ ವಿಲಿಯಂ ನೈಸ್ಮಿತ್ ಅನ್ನುವ ಸ್ಕಾಟ್ಲೆಂಡಿನ ಪರ್ವತಾರೋಹಿ ಕೊಟ್ಟ ಲೆಕ್ಕ ಇವತ್ತಿಗೂ ಬಳಕೆಯಲ್ಲಿದೆ. ಪ್ರತಿ 5 ಕಿಲೋಮೀಟರಿಗೆ ಒಂದು ಗಂಟೆ, ಅದರ ಮೇಲೆ ಪ್ರತಿ 600 ಮೀಟರ್ ಏರಿಗೆ ಇನ್ನೊಂದು ಗಂಟೆ. ಆದರೆ ಇದು ಗಟ್ಟಿಮುಟ್ಟಾದ, ನಿಲ್ಲದೆ ನಡೆಯುವ ಮನುಷ್ಯನ ಲೆಕ್ಕ. ಕಚೇರಿಯಲ್ಲಿ ಕೂತು ಕೆಲಸ ಮಾಡುವ, ಮಕ್ಕಳನ್ನೋ ಅಪ್ಪ ಅಮ್ಮನನ್ನೋ ಕರೆದುಕೊಂಡು ಬರುವ ನಮ್ಮಂಥವರದ್ದಲ್ಲ.

ನಾನು ಬಳಸುವುದು ಇದು: 3 ಕಿಲೋಮೀಟರಿಗೆ ಒಂದು ಗಂಟೆ, 400 ಮೀಟರ್ ಏರಿಗೆ ಒಂದು ಗಂಟೆ, ಬಂದ ಮೊತ್ತಕ್ಕೆ ಅದರ ಕಾಲು ಭಾಗ ವಿಶ್ರಾಂತಿಗೆ. ಒಂದು ಉದಾಹರಣೆ ನೋಡಿ. 9 ಕಿಲೋಮೀಟರ್ ದಾರಿ, 600 ಮೀಟರ್ ಏರು. ನೈಸ್ಮಿತ್ ಲೆಕ್ಕದಲ್ಲಿ ಮೂರು ಗಂಟೆಯೂ ಆಗುವುದಿಲ್ಲ. ನಮ್ಮ ಲೆಕ್ಕದಲ್ಲಿ ದೂರಕ್ಕೆ 3 ಗಂಟೆ, ಏರಿಗೆ ಒಂದೂವರೆ, ವಿಶ್ರಾಂತಿಗೆ ಒಂದು ಗಂಟೆ ಚಿಲ್ಲರೆ. ಹತ್ತಿರ ಹತ್ತಿರ 5 ಗಂಟೆ 40 ನಿಮಿಷ. ಮೂರಕ್ಕೆ ಮನೆ ಸೇರಬೇಕಾದರೆ ಒಂಬತ್ತರೊಳಗೆ ಹೊರಡಬೇಕು, ಎಂಟೂವರೆ ಆದರೆ ಇನ್ನೂ ಒಳ್ಳೆಯದು.

ಇಲ್ಲಿ ಎಲ್ಲರೂ ಮಾಡುವ ತಪ್ಪು ಒಂದಿದೆ. ಹೊರಡುವ ಊರಿನ ಎತ್ತರ, ತಲುಪುವ ಊರಿನ ಎತ್ತರ ನೋಡಿ ಎರಡರ ವ್ಯತ್ಯಾಸವನ್ನೇ ಏರು ಅಂದುಕೊಳ್ಳುತ್ತಾರೆ. ಎರಡೂ ಊರು ಒಂದೇ ಎತ್ತರದಲ್ಲಿ ಇರಬಹುದು, ಆದರೆ ನಡುವೆ 300 ಮೀಟರ್ ಇಳಿದು ಹಳ್ಳ ದಾಟಿ ಮತ್ತೆ 300 ಮೀಟರ್ ಹತ್ತುವುದಿರಬಹುದು. ದಾರಿಯುದ್ದಕ್ಕೂ ಹತ್ತಿದ್ದನ್ನೆಲ್ಲ ಕೂಡಿದಾಗ ಎಷ್ಟಾಗುತ್ತದೆ, ಅದು ನಿಜವಾದ ಏರು. ಫೋನಿನ ನಕ್ಷೆಯ ಆ್ಯಪ್‌ಗಳಲ್ಲಿ ಏರಿಳಿತದ ಗೆರೆ ಸಿಗುತ್ತದೆ, ಇಲ್ಲದಿದ್ದರೆ ಗೈಡನ್ನು ‘ನಡುವೆ ಎಷ್ಟು ಸಲ ಇಳಿದು ಹತ್ತುತ್ತೇವೆ’ ಅಂತ ನೇರವಾಗಿ ಕೇಳಿ.

‘ಎಷ್ಟು ಹೊತ್ತು ಆಗುತ್ತೆ’ ಅಂತ ಮಾತ್ರ ಕೇಳಬೇಡಿ. ಊರಿನವರು ತಾವು ನಡೆಯುವ ಹೊತ್ತನ್ನು ಹೇಳುತ್ತಾರೆ. ಕೇಳುವುದಾದರೆ ‘ಹಿಂದಿನ ಸಲ ನಮ್ಮಂಥವರು ಬಂದಾಗ ಎಷ್ಟು ಹೊತ್ತಾಯಿತು’ ಅಂತ ಕೇಳಿ. ಉತ್ತರ ಬೇರೆಯೇ ಬರುತ್ತದೆ.

ಎತ್ತರದ ಊರುಗಳಾದರೆ ಇನ್ನೊಂದು ಲೆಕ್ಕ ಸೇರುತ್ತದೆ. ಸಮುದ್ರ ಮಟ್ಟದಿಂದ 2500 ಮೀಟರ್ ದಾಟಿದ ಮೇಲೆ ಮಲಗುವಾಗ ಮೈಗೆ ಹೊಂದಿಕೊಳ್ಳಲು ಸಮಯ ಬೇಕು. 3000 ಮೀಟರ್ ಮೇಲೆ ಒಂದು ರಾತ್ರಿಯಿಂದ ಮರುರಾತ್ರಿಗೆ ಮಲಗುವ ಜಾಗ 500 ಮೀಟರಿಗಿಂತ ಜಾಸ್ತಿ ಏರಬಾರದು, ಮೂರು ನಾಲ್ಕು ದಿನಕ್ಕೊಮ್ಮೆ ಏರದೆ ಒಂದು ದಿನ ನಿಲ್ಲಬೇಕು. ಹಗಲಲ್ಲಿ ಎಷ್ಟು ಮೇಲೆ ಹೋಗಿ ಬಂದಿರಿ ಅನ್ನುವುದಕ್ಕಿಂತ ರಾತ್ರಿ ಎಲ್ಲಿ ಮಲಗಿದಿರಿ ಅನ್ನುವುದು ಮುಖ್ಯ.

ಹಂತ 3: ಗೈಡ್ ಜೊತೆ ಹೊರಡುವ ಮುಂಚೆಯೇ ಮಾತು

ಗೈಡ್ ಇದ್ದಾರಲ್ಲ, ಅವರೇ ನೋಡಿಕೊಳ್ಳುತ್ತಾರೆ ಅಂತ ಸುಮ್ನೆ ಇರಬೇಡಿ. ಹೊರಡುವ ಹಿಂದಿನ ದಿನ ಅರ್ಧ ಗಂಟೆ ಕೂತು ಮಾತಾಡಿ. ಈ ದಾರಿಯಲ್ಲಿ ಕೊನೆಯ ಸಲ ನಡೆದದ್ದು ಯಾವಾಗ? ಮಳೆ ಬಂದ ಮೇಲೆ ಹೋಗಿದ್ದೀರಾ? ದಾಟಬೇಕಾದ ಹಳ್ಳಗಳೆಷ್ಟು? ನಡುವೆ ಯಾರಿಗಾದರೂ ಆಗದಿದ್ದರೆ ಎಲ್ಲಿಂದ ರಸ್ತೆಗೆ ಇಳಿಯಬಹುದು? ಪ್ರಥಮ ಚಿಕಿತ್ಸೆ ಕಲಿತಿದ್ದೀರಾ? ‘ಒಂದು ಕಡೆಯೂ ತೊಂದರೆ ಇಲ್ಲ, ಬನ್ನಿ’ ಅನ್ನುವ ಉತ್ತರ ನನಗೆ ಭಯ ಹುಟ್ಟಿಸುತ್ತದೆ. ದಾರಿ ಬಲ್ಲವರು ಎಲ್ಲಿ ಜಾರುತ್ತದೆ ಅನ್ನುವುದನ್ನು ಮೊದಲೇ ಹೇಳುತ್ತಾರೆ.

ನಿಮ್ಮ ಕಡೆಯಿಂದಲೂ ಮುಚ್ಚಿಡಬೇಡಿ. ಮಂಡಿ ನೋವು, ಆಸ್ತಮಾ, ಸಕ್ಕರೆ ಕಾಯಿಲೆ, ಎತ್ತರದ ಭಯ, ಯಾವುದೇ ಇದ್ದರೂ ಹೇಳಿಬಿಡಿ. ಗುಂಪಿನಲ್ಲಿ ಅತಿ ನಿಧಾನ ಯಾರು ಅನ್ನುವುದನ್ನೂ ಹೇಳಿ, ಅದು ಅವಮಾನದ ಮಾತಲ್ಲ, ಇಡೀ ದಿನದ ಲೆಕ್ಕ ಅವರ ನಡಿಗೆಯ ಮೇಲೆ ನಿಂತಿದೆ.

ಒಂದು ತೀರ್ಮಾನ ಮಾತ್ರ ಎಲ್ಲರ ಮುಂದೆ ಆಗಬೇಕು. ವಾಪಸ್ ತಿರುಗುವ ವಿಚಾರದಲ್ಲಿ ಗೈಡ್ ಹೇಳಿದ್ದೇ ಕೊನೆ. ಜೊತೆಗೆ ಒಂದು ಗಡುವು ಇಟ್ಟುಕೊಳ್ಳಿ: ಮಧ್ಯಾಹ್ನ ಹನ್ನೆರಡಕ್ಕೆ ಅರ್ಧ ದಾರಿ ದಾಟದಿದ್ದರೆ ಹತ್ತಿರದ ದಾರಿ ಹಿಡಿಯುತ್ತೇವೆ. ಬೆಟ್ಟದ ಮೇಲೆ ನಿಂತು ಚರ್ಚೆ ಮಾಡುವ ಕಷ್ಟ ತಪ್ಪುತ್ತದೆ.

ಗೈಡ್ ರಾತ್ರಿ ಎಲ್ಲಿ ಮಲಗುತ್ತಾರೆ, ಅವರ ಊಟ ಯಾರ ಲೆಕ್ಕ, ಅನ್ನುವುದೂ ಈಗಲೇ ಗೊತ್ತಾಗಬೇಕು. ಇದನ್ನು ಕೇಳದೆ ಹೋಗಿ, ರಾತ್ರಿ ಅವರು ಜಗುಲಿಯಲ್ಲಿ ಚಳಿಯಲ್ಲಿ ಮಲಗಿದ್ದನ್ನು ಬೆಳಿಗ್ಗೆ ನೋಡಿ ಸಂಕಟಪಡುವ ಹಾಗಾಗಬಾರದು.

ಹಂತ 4: ಕಾಲನ್ನು ಇಳಿಜಾರಿಗೆ ಪಳಗಿಸಿ

ಏರುವಾಗ ಉಸಿರು ಕಟ್ಟುತ್ತದೆ, ನಿಂತರೆ ಸರಿಹೋಗುತ್ತದೆ. ಇಳಿಯುವಾಗ ಆಗುವ ಪೆಟ್ಟು ಮರುದಿನ ಗೊತ್ತಾಗುತ್ತದೆ. ಇಳಿಜಾರಿನಲ್ಲಿ ತೊಡೆಯ ಸ್ನಾಯುಗಳು ಉದ್ದವಾಗುತ್ತಲೇ ಮೈಭಾರವನ್ನು ತಡೆಯಬೇಕು, ಅದರಿಂದ ಸ್ನಾಯುವಿನ ಎಳೆಗಳಿಗೆ ಸಣ್ಣ ಸಣ್ಣ ಗಾಯಗಳಾಗುತ್ತವೆ. ಆ ನೋವು ಜೋರಾಗುವುದು 24 ರಿಂದ 72 ಗಂಟೆಯ ನಡುವೆ. ಅಂದರೆ ಮೊದಲ ದಿನದ ಇಳಿಜಾರಿನ ನೋವು ನಿಮ್ಮ ಎರಡನೇ, ಮೂರನೇ ದಿನವನ್ನು ಕೆಡಿಸುತ್ತದೆ. ‘ನಾನು ದಿನಾ ವಾಕಿಂಗ್ ಮಾಡ್ತೀನಿ’ ಅನ್ನುವವರೂ ಇಲ್ಲೇ ಸೋಲುವುದು, ಯಾಕಂದರೆ ವಾಕಿಂಗ್ ಮಾಡುವುದು ಸಮತಟ್ಟಿನಲ್ಲಿ.

ಆರು ವಾರ ಮೊದಲು ಶುರು ಮಾಡಿ. ವಾರಕ್ಕೆ ಮೂರು ದಿನ, ಎತ್ತರದ ಕಟ್ಟಡ ಇದ್ದರೆ ಲಿಫ್ಟಿನಲ್ಲಿ ಮೇಲೆ ಹೋಗಿ ಮೆಟ್ಟಿಲಿನಲ್ಲಿ ಇಳಿಯಿರಿ. ಹೌದು, ಇಳಿಯುವುದೇ ಮುಖ್ಯ. ಮೊದಲ ವಾರ ಹತ್ತು ಮಹಡಿ ಸಾಕು, ನಿಧಾನವಾಗಿ ನಲವತ್ತಕ್ಕೆ ಏರಿಸಿ. ಮೊದಲ ಸಲ ಕಾಲು ನೋಯುತ್ತದೆ, ಎರಡನೇ ಸಲ ಕಡಿಮೆ, ಆಮೇಲೆ ಸ್ನಾಯುಗಳು ಒಗ್ಗಿಕೊಳ್ಳುತ್ತವೆ. ಈ ರಕ್ಷಣೆ ಕೆಲವು ವಾರ ಉಳಿಯುತ್ತದೆ. ಕೊನೆಯ ನಾಲ್ಕೈದು ದಿನ ಮಾತ್ರ ಏನೂ ಮಾಡಬೇಡಿ, ಹೊರಡುವಾಗ ಕಾಲು ದಣಿದಿರಬಾರದು.

ನೋವಿನಲ್ಲೂ ವ್ಯತ್ಯಾಸ ತಿಳಿಯಿರಿ. ತೊಡೆ, ಮೀನಖಂಡ ಪೂರ್ತಿ ಬಿಗಿದುಕೊಂಡು ನೋಯುತ್ತಿದ್ದರೆ ಅದು ಸಹಜ. ಮಂಡಿಯ ಒಂದು ಜಾಗದಲ್ಲಿ ಚುಚ್ಚಿದ ಹಾಗಾದರೆ, ಊದಿಕೊಂಡರೆ, ಹೊರಡುವ ಮುಂಚೆ ವೈದ್ಯರಿಗೆ ತೋರಿಸಬೇಕು.

ಹಂತ 5: ಬೂಟು, ಕಾಲುಚೀಲ, ಹಿಮ್ಮಡಿ

ಬೂಟನ್ನು ಸಂಜೆ ಕೊಳ್ಳಿ, ದಿನವಿಡೀ ಓಡಾಡಿ ಕಾಲು ಸ್ವಲ್ಪ ಊದಿರುತ್ತದೆ. ಚಾರಣದ ಕಾಲುಚೀಲ ಹಾಕಿಕೊಂಡೇ ನೋಡಿ. ಹೆಬ್ಬೆರಳಿನ ಮುಂದೆ ಕೈಯ ಹೆಬ್ಬೆಟ್ಟಿನ ಅಗಲದಷ್ಟು ಜಾಗ ಬೇಕು, ಇಲ್ಲದಿದ್ದರೆ ಇಳಿಜಾರಿನಲ್ಲಿ ಉಗುರು ಬೂಟಿಗೆ ಬಡಿದು ಕಪ್ಪಾಗುತ್ತದೆ. ಹೊರಡುವ ಮೊದಲು ಕನಿಷ್ಠ 30 ಕಿಲೋಮೀಟರ್ ಅದೇ ಬೂಟಿನಲ್ಲಿ ನಡೆದಿರಬೇಕು. ಉಗುರನ್ನು ಎರಡು ದಿನ ಮೊದಲು ನೇರವಾಗಿ ಕತ್ತರಿಸಿ.

ಕಪಾಟಿನಲ್ಲಿ ನಾಲ್ಕೈದು ವರ್ಷ ಇಟ್ಟ ‘ಹೊಸ’ ಬೂಟಿನ ಬಗ್ಗೆ ಎಚ್ಚರ. ಎಷ್ಟೋ ಬೂಟುಗಳ ಅಡಿಯ ಮೆತ್ತನೆಯ ಪದರ ಪಾಲಿಯುರಥೇನ್‌ನದ್ದು. ಬಳಸದೆ ಇಟ್ಟರೂ ಅದು ಗಾಳಿಯ ತೇವ ಹೀರಿ ಒಳಗೊಳಗೇ ಪುಡಿಯಾಗುತ್ತದೆ. ನೋಡೋಕೆ ಹೊಸದರ ಹಾಗೇ ಇರುತ್ತದೆ, ದಾರಿ ನಡುವೆ ಅಟ್ಟೆ ಬಾಯಿ ಬಿಡುತ್ತದೆ. ಹೆಬ್ಬೆಟ್ಟಿನಿಂದ ಆ ಪದರವನ್ನು ಗಟ್ಟಿಯಾಗಿ ಒತ್ತಿ, ಬೂಟನ್ನು ಎರಡೂ ಕೈಯಲ್ಲಿ ಹಿಡಿದು ಬಾಗಿಸಿ. ಸಣ್ಣ ಬಿರುಕು ಕಂಡರೂ, ಪುಡಿ ಉದುರಿದರೂ ಆ ಜೋಡಿ ಬೇಡ.

ಲೇಸ್ ಕಟ್ಟುವುದರಲ್ಲೂ ಎರಡು ವಿಧ. ಏರುವಾಗ ಕಣಕಾಲಿನ ಹತ್ತಿರ ಸ್ವಲ್ಪ ಸಡಿಲ. ಇಳಿಯುವ ಮುಂಚೆ ನಿಂತು, ಹಿಮ್ಮಡಿಯನ್ನು ಬೂಟಿನ ಹಿಂದಕ್ಕೆ ಕುಟ್ಟಿ ಕೂರಿಸಿ, ಪಾದದ ಮೇಲ್ಭಾಗದಲ್ಲಿ ಬಿಗಿಯಾಗಿ ಕಟ್ಟಿ. ಎರಡು ನಿಮಿಷದ ಕೆಲಸ, ಉಗುರು ಉಳಿಯುತ್ತದೆ.

ಇನ್ನು ಗುಳ್ಳೆ. ಗುಳ್ಳೆ ಏಳುವ ಮೊದಲು ಅದೇ ಜಾಗ ಬಿಸಿಯಾಗುತ್ತದೆ, ಚರ್ಮ ಉರಿದ ಹಾಗೆ. ಆಗಲೇ ನಿಲ್ಲಬೇಕು. ‘ಮುಂದಿನ ಮರದ ಹತ್ತಿರ ನೋಡೋಣ’ ಅಂದರೆ ಅಷ್ಟರಲ್ಲಿ ನೀರು ತುಂಬಿರುತ್ತದೆ. ಬೂಟು ಬಿಚ್ಚಿ, ಕಾಲುಚೀಲ ತೆಗೆದು, ಬೆವರು ಒರೆಸಿ, ಚರ್ಮ ಪೂರ್ತಿ ಒಣಗಲಿ. ಟೇಪಿನ ಮೂಲೆಗಳನ್ನು ಗುಂಡಗೆ ಕತ್ತರಿಸಿಕೊಳ್ಳಿ, ಚೂಪು ಮೂಲೆ ಕಾಲುಚೀಲಕ್ಕೆ ಸಿಕ್ಕಿ ಮೇಲೇಳುತ್ತದೆ. ಸುಕ್ಕಿಲ್ಲದ ಹಾಗೆ ಅಂಟಿಸಿ, ಅಂಗೈ ಒತ್ತಿ ಹಿಡಿಯಿರಿ, ಮೈಬಿಸಿಗೆ ಅಂಟು ಚೆನ್ನಾಗಿ ಹಿಡಿಯುತ್ತದೆ. ಹತ್ತಿಯ ಕಾಲುಚೀಲ ಬೇಡ, ತೇವ ಹಿಡಿದುಕೊಂಡು ಚರ್ಮ ಮೆತ್ತಗಾಗುತ್ತದೆ. ಉಣ್ಣೆಯದ್ದು ಅಥವಾ ಬೇಗ ಒಣಗುವ ಕೃತಕ ನೂಲಿನದ್ದು ಇರಲಿ.

ಹಂತ 6: ಬ್ಯಾಗಿನ ಭಾರ

ಹಾಸಿಗೆ, ಊಟ ಮನೆಯಲ್ಲಿ ಸಿಗುವಾಗ ನೀರು ಸೇರಿ ಏಳು ಕಿಲೋ ದಾಟಬಾರದು. ತೂಗಿ ನೋಡಿ, ಅಂದಾಜು ಬೇಡ.

ನಡೆಯುವ ಬಟ್ಟೆ ಒಂದು ಜೊತೆ, ಮನೆಯಲ್ಲಿ ಹಾಕುವ ಒಣ ಬಟ್ಟೆ ಒಂದು ಜೊತೆ, ಕಾಲುಚೀಲ ಮೂರು ಜೊತೆ. ಒಣ ಬಟ್ಟೆಯನ್ನು ಗಟ್ಟಿ ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ ಬ್ಯಾಗಿನ ಒಳಗೆ ಇಡಿ. ಬ್ಯಾಗಿನ ಮೇಲೆ ಹಾಕುವ ಮಳೆಹೊದಿಕೆಯನ್ನೇ ನಂಬಬೇಡಿ, ಬೆನ್ನಿನ ಕಡೆಯಿಂದ ನೀರು ಇಳಿಯುತ್ತದೆ. ಪ್ರತಿ 1000 ಮೀಟರ್ ಏರಿದಂತೆ ಚಳಿ ಸರಾಸರಿ ಆರೂವರೆ ಡಿಗ್ರಿ ಜಾಸ್ತಿಯಾಗುತ್ತದೆ, ಆದ್ದರಿಂದ ಕೆಳಗೆ ಎಷ್ಟೇ ಸೆಕೆ ಇದ್ದರೂ ಒಂದು ಬೆಚ್ಚನೆಯ ಪದರ ಮತ್ತು ಮಳೆ ಜಾಕೆಟ್ ಬೇಕೇ ಬೇಕು.

ಎರಡು ಲೀಟರ್ ನೀರು. ತಲೆಗೆ ಕಟ್ಟುವ ಟಾರ್ಚ್, ಫೋನಿನ ಟಾರ್ಚ್ ನಂಬಿದರೆ ಕೈ ಖಾಲಿ ಇರುವುದಿಲ್ಲ, ಫೋನೂ ಖಾಲಿಯಾಗುತ್ತದೆ. ಸೀಟಿ, ಟೇಪು, ಓಆರ್‌ಎಸ್, ನಿಮ್ಮ ದಿನದ ಮಾತ್ರೆಗಳು ಎರಡು ದಿನ ಹೆಚ್ಚಿಗೆ. ಮನೆಯೊಳಗೆ ಹಾಕುವ ಚಪ್ಪಲಿ. ಚಿಲ್ಲರೆ ನೋಟು. ಊರುಗೋಲು ಎರಡು ಇದ್ದರೆ ಮಂಡಿಗೆ ಬಹಳ ಸಹಾಯ: ಸಮತಟ್ಟಿನಲ್ಲಿ ಮೊಣಕೈ ಲಂಬ ಕೋನದಲ್ಲಿ ಬಾಗುವಷ್ಟು ಉದ್ದ, ಇಳಿಯುವಾಗ ಐದರಿಂದ ಹತ್ತು ಸೆಂಟಿಮೀಟರ್ ಜಾಸ್ತಿ ಮಾಡಿಕೊಳ್ಳಿ.

ಹಂತ 7: ನಡೆಯುವ ದಿನ

ಮೊದಲ ಹದಿನೈದು ನಿಮಿಷ ಬೇಕಂತಲೇ ನಿಧಾನ ನಡೆಯಿರಿ. ಆಮೇಲೆ ಒಂದು ಸಲ ನಿಂತು ಮೇಲಂಗಿ ತೆಗೆಯುವುದು, ಲೇಸ್ ಸರಿಮಾಡುವುದು, ಬ್ಯಾಗಿನ ಪಟ್ಟಿ ಎಳೆಯುವುದು. ಈ ನಿಲುಗಡೆ ತಪ್ಪಿಸಬೇಡಿ, ದಿನದ ಅರ್ಧ ತೊಂದರೆಗಳು ಇಲ್ಲೇ ಸಿಕ್ಕಿಬೀಳುತ್ತವೆ.

ಅತಿ ನಿಧಾನ ನಡೆಯುವವರು ಗೈಡ್ ಹಿಂದೆಯೇ, ಎರಡನೆಯವರಾಗಿ ಇರಲಿ. ಗುಂಪಿನಲ್ಲಿ ಗಟ್ಟಿಗರೊಬ್ಬರು ಕೊನೆಗೆ. ನಿಧಾನದವರನ್ನು ಹಿಂದೆ ಬಿಟ್ಟರೆ ಏನಾಗುತ್ತದೆ ಗೊತ್ತಾ? ಮುಂದಿನವರು ಕೂತು ದಣಿವಾರಿಸಿಕೊಳ್ಳುತ್ತಾರೆ, ಹಿಂದಿನವರು ಬಂದು ಮುಟ್ಟುವ ಹೊತ್ತಿಗೆ ಅವರು ಎದ್ದು ಹೊರಡುತ್ತಾರೆ, ವಿಶ್ರಾಂತಿ ಬೇಕಾದವರಿಗೇ ವಿಶ್ರಾಂತಿ ಇಲ್ಲ. ವೇಗ ಸರಿಯಿದೆಯಾ ಅಂತ ತಿಳಿಯಲು ಮಾತಾಡಿ ನೋಡಿ. ನಡೆಯುತ್ತಲೇ ಒಂದು ಪೂರ್ತಿ ವಾಕ್ಯ ಹೇಳೋಕೆ ಆಗದಿದ್ದರೆ ವೇಗ ಜಾಸ್ತಿಯಾಗಿದೆ.

ಬಾಯಾರಿದಾಗಲೆಲ್ಲ ಎರಡೆರಡು ಗುಟುಕು ನೀರು. ದಾರಿಯ ತೊರೆ ಎಷ್ಟೇ ತಿಳಿಯಾಗಿ ಕಂಡರೂ ಹಾಗೇ ಕುಡಿಯಬೇಡಿ, ಮೇಲೆ ದನಕರು ಇರುತ್ತವೆ. ಕುದಿಸಿದ ನೀರೇ ಒಳ್ಳೆಯದು: ಚೆನ್ನಾಗಿ ಕೊತಕೊತ ಕುದಿ ಬಂದ ಮೇಲೆ ಒಂದು ನಿಮಿಷ, 2000 ಮೀಟರಿಗಿಂತ ಮೇಲಿನ ಊರಾದರೆ ಮೂರು ನಿಮಿಷ, ಅಲ್ಲಿ ನೀರು ಕಡಿಮೆ ಬಿಸಿಯಲ್ಲೇ ಕುದಿಯುವುದರಿಂದ. ಹಿಂದಿನ ರಾತ್ರಿಯೇ ಮನೆಯವರನ್ನು ಕೇಳಿ, ಕುದಿಸಿ, ಆರಿಸಿ ತುಂಬಿಕೊಳ್ಳಿ. ಓಆರ್‌ಎಸ್ ಪ್ಯಾಕೆಟ್ ಮುಗಿದರೆ ಒಂದು ಲೀಟರ್ ಶುದ್ಧ ನೀರಿಗೆ ಆರು ಸಮ ಟೀ ಚಮಚ ಸಕ್ಕರೆ, ಅರ್ಧ ಟೀ ಚಮಚ ಉಪ್ಪು. ಉಪ್ಪು ಜಾಸ್ತಿಯಾಗಲೇಬಾರದು.

ಹಳ್ಳಿ ದಾರಿಯಲ್ಲಿ ಹೇರು ಹೊತ್ತ ಪ್ರಾಣಿಗಳು ಎದುರಾದರೆ ಗುಡ್ಡದ ಕಡೆ ಸರಿದು ನಿಲ್ಲಿ, ಕಣಿವೆಯ ಅಂಚಿಗೆ ಯಾವತ್ತೂ ಹೋಗಬೇಡಿ, ಹೇರು ತಾಗಿದರೆ ಬೀಳುತ್ತೀರಿ. ಹಸು ಮತ್ತು ಕರುವಿನ ನಡುವೆ ಹಾದುಹೋಗಬೇಡಿ. ಗೇಟು ಮುಚ್ಚಿದ್ದರೆ ದಾಟಿ ಮುಚ್ಚಿ, ತೆರೆದಿದ್ದರೆ ತೆರೆದೇ ಬಿಡಿ. ನಾಯಿ ಬೊಗಳಿದರೆ ಓಡಬಾರದು, ನಿಂತು ಗೈಡ್ ಮುಂದೆ ಹೋಗಿ ಮನೆಯವರನ್ನು ಕೂಗುವವರೆಗೆ ಕಾಯಿರಿ. ಕಚ್ಚಿದರೆ, ಪರಚಿದರೂ ಸರಿ, ಹರಿಯುವ ನೀರು ಮತ್ತು ಸೋಪಿನಲ್ಲಿ ಹದಿನೈದು ನಿಮಿಷ ತೊಳೆಯಬೇಕು, ಚಾರಣ ಅಲ್ಲಿಗೇ ನಿಲ್ಲಿಸಿ ರೇಬಿಸ್ ಲಸಿಕೆಗೆ ಹೋಗಬೇಕು. ‘ನಾಳೆ ನೋಡೋಣ’ ಇಲ್ಲ.

ಇಂಬಳ (ಜಿಗಣೆ) ಹತ್ತಿದರೆ ಉಪ್ಪು, ಬೆಂಕಿ ಬೇಡ. ಸಣ್ಣಗಿರುವ ತುದಿಯ ಕೆಳಗೆ ಉಗುರು ತೂರಿಸಿ ಪಕ್ಕಕ್ಕೆ ಜಾರಿಸಿ, ಬಿಡುತ್ತದೆ. ಉಣ್ಣಿ ಕಚ್ಚಿದ್ದರೆ ಚಿಮಟದಲ್ಲಿ ಚರ್ಮಕ್ಕೆ ತಾಗಿ ಹಿಡಿದು ನೇರವಾಗಿ, ನಿಧಾನವಾಗಿ ಎಳೆಯಿರಿ.

ಹಂತ 8: ಮನೆ ಸೇರಿದ ಮೇಲೆ

ಮೂರಕ್ಕೆ ಬಂದಿರಿ ಅಂದುಕೊಳ್ಳೋಣ. ಬ್ಯಾಗು ಇಳಿಸಿ, ಬೂಟು ಎಲ್ಲಿ ಬಿಡಬೇಕು ಅಂತ ಕೇಳಿ. ಬೆವರು ಆರಿ ಚಳಿ ಹಿಡಿಯುವ ಮೊದಲೇ ಒಣ ಬಟ್ಟೆ. ಆಮೇಲೆ ಬೆಳಕಿರುವಾಗಲೇ ಶೌಚಾಲಯದ ದಾರಿಯನ್ನು ಒಂದು ಸಲ ನಡೆದು ನೋಡಿ, ಎಲ್ಲಿ ಮೆಟ್ಟಿಲು, ಎಲ್ಲಿ ತಲೆ ತಾಗುತ್ತದೆ. ಈ ಚಾರಣಗಳಲ್ಲಿ ನಾನು ನೋಡಿದ ಪೆಟ್ಟುಗಳಲ್ಲಿ ಎಷ್ಟೋ ದಾರಿಯಲ್ಲಿ ಆದದ್ದಲ್ಲ, ರಾತ್ರಿ ಅಂಗಳದಲ್ಲಿ ಆದದ್ದು.

ಬಿಸಿನೀರು ಬೇಕಾದರೆ ಎಷ್ಟು ಬಕೆಟ್ ಸಿಗುತ್ತದೆ ಅಂತ ಮೊದಲು ಕೇಳಿ. ಆ ನೀರನ್ನು ಯಾರೋ ಹೊತ್ತು ತಂದಿರುತ್ತಾರೆ, ಸೌದೆ ಯಾರೋ ಕಡಿದಿರುತ್ತಾರೆ. ಒಂದು ಬಕೆಟ್ಟಿನಲ್ಲಿ ಮುಗಿಸುವುದನ್ನು ಕಲಿಯೋಣ.

ಅಡುಗೆಮನೆಗೆ, ದೇವರ ಜಾಗಕ್ಕೆ ಕರೆಯದೆ ಕಾಲಿಡಬೇಡಿ. ಕರೆದರೆ ಖಂಡಿತ ಹೋಗಿ. ಫೋಟೋಗೆ ಮುಂಚೆ ಕೇಳಿ, ಕ್ಯಾಮೆರಾ ಎತ್ತಿಕೊಂಡು ಕೇಳಬೇಡಿ, ಅದು ಕೇಳಿದ ಹಾಗಲ್ಲ. ಮಕ್ಕಳಿಗೆ ಮಿಠಾಯಿ, ದುಡ್ಡು ಹಂಚಬೇಡಿ. ಮುಂದಿನ ಸಲ ಬರುವವರ ಮುಂದೆ ಆ ಮಕ್ಕಳು ಕೈಚಾಚಿ ನಿಲ್ಲುವುದು ಹೀಗೇ ಶುರುವಾಗುತ್ತದೆ. ಆಟ ಆಡಿ, ನಿಮ್ಮೂರಿನ ಆಟ ಒಂದು ಕಲಿಸಿ.

ಸಂಜೆ ಆ ಮನೆಯಲ್ಲಿ ಕೆಲಸ ಇರುತ್ತದೆ, ದನಕ್ಕೆ ಹುಲ್ಲು, ಹೊಲದಿಂದ ತಂದದ್ದನ್ನು ಬಿಡಿಸುವುದು. ಸುಮ್ನೆ ಪಕ್ಕದಲ್ಲಿ ಕೂತುಕೊಳ್ಳಿ. ಒಂದು ಮನೆಯಲ್ಲಿ ಮಾತು ಒಂದೂ ಗೊತ್ತಿಲ್ಲದೆ ನಾನು ಅಜ್ಜಿಯೊಬ್ಬರ ಜೊತೆ ಒಂದು ಗಂಟೆ ಕಾಳು ಬಿಡಿಸಿದೆ. ನಾನು ಬಿಡಿಸಿ ಎಸೆದ ಸಿಪ್ಪೆಯಿಂದ ಅವರು ಮತ್ತೆ ಎರಡು ಕಾಳು ಆರಿಸಿ ತೆಗೆದು, ನನ್ನ ಅಂಗೈಯಲ್ಲಿಟ್ಟು ನಕ್ಕರು. ಕತ್ತಲಲ್ಲಿ ಬಂದಿದ್ದರೆ ಅದು ಸಿಗುತ್ತಿರಲಿಲ್ಲ.

ಹಂತ 9: ಮಲಗುವ ಕೋಣೆ

ಚಳಿಯ ಊರಿನಲ್ಲಿ ಕೆಂಡದ ಒಲೆಯನ್ನು ಕೋಣೆಗೆ ತಂದಿಡುತ್ತಾರೆ, ಪ್ರೀತಿಯಿಂದಲೇ. ಮಲಗುವ ಮುಂಚೆ ಅದನ್ನು ಹೊರಗಿಡಿಸಿ. ಮುಚ್ಚಿದ ಕೋಣೆಯಲ್ಲಿ ಕೆಂಡದಿಂದ ಕಾರ್ಬನ್ ಮೊನಾಕ್ಸೈಡ್ ತುಂಬುತ್ತದೆ. ವಾಸನೆ ಇಲ್ಲ, ಬಣ್ಣ ಇಲ್ಲ, ನಿದ್ದೆಯಲ್ಲೇ ಜೀವ ಹೋಗುತ್ತದೆ. ಗಾಳಿ ಆಡದ ಬಚ್ಚಲಿನ ಗ್ಯಾಸ್ ಗೀಸರ್ ಕೂಡ ಅಷ್ಟೇ ಅಪಾಯ. ಕಿಟಕಿ ನಾಲ್ಕು ಬೆರಳು ತೆರೆದಿರಲಿ.

ಇದನ್ನು ಗುರುತಿಸುವುದು ಕಷ್ಟ, ಯಾಕಂದರೆ ತಲೆನೋವು, ವಾಕರಿಕೆ ಎತ್ತರದ ಕಾಯಿಲೆಯಲ್ಲೂ ಬರುತ್ತವೆ. ಒಂದೇ ಕೋಣೆಯಲ್ಲಿ ಮಲಗಿದವರಿಗೆಲ್ಲ ಒಟ್ಟಿಗೆ ತಲೆನೋವು ಬಂದು, ಹೊರಗೆ ಗಾಳಿಗೆ ಬಂದ ಮೇಲೆ ಕಡಿಮೆಯಾದರೆ ಕೆಂಡದ ಮೇಲೆ ಅನುಮಾನ ಪಡಿ. ಎಲ್ಲರೂ ಹೊರಗೆ ಬನ್ನಿ, ಮತ್ತೆ ಒಳಗೆ ಮಲಗಬೇಡಿ, ಆಸ್ಪತ್ರೆಗೆ ಹೋಗಿ.

ಹಂತ 10: ಈ ಲಕ್ಷಣ ಕಂಡರೆ ಚಾರಣ ನಿಲ್ಲಿಸಿ

ಎತ್ತರದಲ್ಲಿ ತಲೆನೋವಿನ ಜೊತೆ ವಾಕರಿಕೆ, ಹಸಿವಿಲ್ಲದಿರುವುದು, ತಲೆಸುತ್ತು ಬಂದರೆ ಇನ್ನು ಮೇಲೆ ಏರಬಾರದು. ಅದೇ ಊರಲ್ಲಿ ನಿಲ್ಲಿ, ಕಡಿಮೆಯಾಗದಿದ್ದರೆ ಇಳಿಯಿರಿ. ನೆಲದ ಮೇಲೆ ಒಂದು ಗೆರೆ ಎಳೆದು, ಒಂದು ಪಾದದ ಬೆರಳಿಗೆ ಇನ್ನೊಂದರ ಹಿಮ್ಮಡಿ ತಾಗಿಸುತ್ತ ಹತ್ತು ಹೆಜ್ಜೆ ನಡೆಸಿ ನೋಡಿ. ತೂರಾಡಿದರೆ, ಮಾತು ಗೊಂದಲವಾದರೆ, ಸುಮ್ಮನೆ ಕೂತಾಗಲೂ ಏದುಸಿರು ಬರುತ್ತಿದ್ದರೆ, ರಾತ್ರಿಯಾದರೂ ಸರಿ, ಜೊತೆಗೆ ಜನ ಕರೆದುಕೊಂಡು ತಕ್ಷಣ ಕೆಳಗಿಳಿಸಿ. ಒಬ್ಬರನ್ನೇ ಕಳಿಸಬೇಡಿ.

ಮಳೆಯಲ್ಲಿ ನೆನೆದವರು ನಡುಗುತ್ತ, ಎಡವುತ್ತ, ತೊದಲುತ್ತ ಇದ್ದರೆ, ಜಾಕೆಟಿನ ಜಿಪ್ ಎಳೆಯೋಕೂ ಆಗದಿದ್ದರೆ ಮೈಬಿಸಿ ಇಳಿಯುತ್ತಿದೆ ಅಂತ ಅರ್ಥ. ಹಿಮ ಬೀಳಬೇಕಾಗಿಲ್ಲ, ಹತ್ತು ಡಿಗ್ರಿಯ ಗಾಳಿಮಳೆ ಸಾಕು. ಒದ್ದೆ ಬಟ್ಟೆ ತೆಗೆದು ಒಣ ಬಟ್ಟೆ, ಗಾಳಿಯಿಂದ ಮರೆ, ಎಚ್ಚರವಿದ್ದರೆ ಬಿಸಿಯಾದ ಸಿಹಿ ಪಾನೀಯ. ಬೆಚ್ಚಗಾಗದೆಯೇ ನಡುಕ ನಿಂತುಹೋದರೆ ‘ಸರಿಹೋಯಿತು’ ಅಂದುಕೊಳ್ಳಬೇಡಿ, ಅದು ತುಂಬಾ ಕೆಟ್ಟ ಸೂಚನೆ.

ಮಿಂಚಿಗೂ ಗುಡುಗಿಗೂ ನಡುವೆ 30 ಸೆಕೆಂಡಿಗಿಂತ ಕಡಿಮೆ ಇದ್ದರೆ ಬೆಟ್ಟದ ನೆತ್ತಿ, ಒಂಟಿ ಮರ ಬಿಟ್ಟು ಇಳಿಯಿರಿ. ಕೊನೆಯ ಗುಡುಗಾಗಿ 30 ನಿಮಿಷ ಆಗುವವರೆಗೆ ಹೊರಡಬೇಡಿ. ಹಳ್ಳದ ನೀರು ಮಂಡಿ ಮುಟ್ಟುತ್ತಿದ್ದರೆ, ಕೆಂಪಾಗಿ ಕಸಕಡ್ಡಿ ತರುತ್ತಿದ್ದರೆ ದಾಟುವ ಮಾತಿಲ್ಲ, ಮನೆಯವರಿಗೆ ಫೋನ್ ಮಾಡಿ ಹಿಂದಿನ ಊರಿಗೇ ತಿರುಗಿ.

ಗುಂಪಿನಿಂದ ಬೇರೆಯಾದರೆ ಇದ್ದಲ್ಲೇ ನಿಂತು ಸೀಟಿ ಊದಿ. ಒಂದು ನಿಮಿಷದಲ್ಲಿ ಆರು ಸಲ, ಒಂದು ನಿಮಿಷ ಬಿಡುವು, ಮತ್ತೆ ಆರು. ಕೇಳಿಸಿಕೊಂಡವರು ನಿಮಿಷಕ್ಕೆ ಮೂರು ಸಲ ಊದಿ ಉತ್ತರಿಸುತ್ತಾರೆ. ಇದನ್ನು ಮಕ್ಕಳಿಗೂ ಹೊರಡುವ ದಿನ ಹೇಳಿಕೊಡಿ.

ಹಂತ 11: ಹೊರಡುವ ಬೆಳಿಗ್ಗೆ

ಲೆಕ್ಕವನ್ನು ಹಿಂದಿನ ರಾತ್ರಿಯೇ ಮುಗಿಸಿ. ಬೆಳಿಗ್ಗೆ ಎಂಟೂವರೆಗೆ ಹೊರಡಬೇಕಾದಾಗ ಚಿಲ್ಲರೆ ಹುಡುಕುತ್ತ ನಿಂತರೆ ಮೂರು ಗಂಟೆಯ ಲೆಕ್ಕ ಅಲ್ಲೇ ಮುರಿಯುತ್ತದೆ. ದುಡ್ಡು ಮನೆಯವರ ಕೈಗೇ ಕೊಡಿ, ಮಧ್ಯವರ್ತಿಯ ಮೂಲಕ ಬುಕ್ ಮಾಡಿದ್ದರೆ ಅವರಿಗೆ ಎಷ್ಟು ತಲುಪುತ್ತದೆ ಅಂತ ಮೊದಲೇ ಕೇಳಿ. ಒಪ್ಪಿಕೊಂಡ ದರದ ಮೇಲೆ ಹೊರಡುವಾಗ ಚೌಕಾಸಿ ಬೇಡವೇ ಬೇಡ.

ಹಾಸಿಗೆ ಮಡಚಿ, ನಿಮ್ಮ ಪ್ಲಾಸ್ಟಿಕ್ ಕಸ, ಸ್ಯಾನಿಟರಿ ಪ್ಯಾಡ್, ಬ್ಯಾಟರಿ ಎಲ್ಲ ನಿಮ್ಮ ಬ್ಯಾಗಿನಲ್ಲೇ ವಾಪಸ್. ಅಲ್ಲಿ ಬಿಟ್ಟರೆ ಅದು ಹೋಗುವುದು ಒಲೆಗೆ ಅಥವಾ ಹಳ್ಳಕ್ಕೆ. ಮುಂದಿನ ಮನೆಗೆ ಫೋನ್ ಮಾಡಿ ಹೊರಟೆವು ಅಂತ ಹೇಳಿ, ಎಷ್ಟು ಜನ ಅನ್ನುವುದನ್ನೂ ಮತ್ತೆ ಹೇಳಿ. ಬರೋಕೆ ಆಗದಿದ್ದರೆ ಹೇಳುವುದು ಇನ್ನೂ ಮುಖ್ಯ, ಅವರು ನಿಮಗಾಗಿ ಅಡುಗೆ ಮಾಡಿಟ್ಟಿರುತ್ತಾರೆ, ಕತ್ತಲಾದರೆ ಹುಡುಕಿಕೊಂಡೂ ಹೊರಡುತ್ತಾರೆ.

ಊರಿಗೆ ಬಂದ ದಿನ ಮೈಯೆಲ್ಲ ಒಂದು ಸಲ ನೋಡಿಕೊಳ್ಳಿ, ಮಂಡಿಯ ಹಿಂದೆ, ಕಂಕುಳು, ಕಿವಿಯ ಹಿಂದೆ ಉಣ್ಣಿ ಕೂತಿರುತ್ತದೆ. ಒಂದೆರಡು ವಾರದಲ್ಲಿ ಜ್ವರ ಬಂದರೆ ವೈದ್ಯರಿಗೆ ಬೆಟ್ಟಕ್ಕೆ ಹೋಗಿದ್ದನ್ನು ಹೇಳಿ. ಬೂಟಿನ ಒಳಗೆ ಹಳೆಯ ಪತ್ರಿಕೆ ತುರುಕಿ ನೆರಳಲ್ಲಿ ಒಣಗಿಸಿ, ಬಿಸಿಲಿಗೋ ಒಲೆಯ ಹತ್ತಿರವೋ ಇಟ್ಟರೆ ಅಂಟು ಬಿಡುತ್ತದೆ. ಆ ಮನೆಯವರಿಗೆ ಫೋಟೋ ಕಳಿಸುತ್ತೇನೆ ಅಂತ ಹೇಳಿ ಬಂದಿದ್ದರೆ ಆ ವಾರವೇ ಪ್ರಿಂಟ್ ಹಾಕಿಸಿ, ಗೈಡ್ ಮುಂದಿನ ಸಲ ಹೋಗುವಾಗ ಅವರ ಕೈಯಲ್ಲೇ ಕಳಿಸಿಕೊಡಿ.